ಕಾಡಿನ ಪರವಾಗಿ ಸಾಕ್ಷಿ ನುಡಿದ ಕ್ಯಾಮೆರಾ



ಹುಣಸೂರು, ಹೆಗ್ಗಡದೇವನಕೋಟೆಗಳ ಅಂಚಿನ ನಾಗರಹೊಳೆ ಕಾಡಿನ ಬದುಕನ್ನು 1997ರಲ್ಲಿ ಸಾಕ್ಷ್ಯಚಿತ್ರವಾಗಿಸಿದವರು ಚೆನ್ನೈನ ಶೇಖರ್ ದತ್ತಾತ್ರಿ. ಹದಿಮೂರನೆಯ ವಯಸ್ಸಿನಲ್ಲಿ ಮದರಾಸಿನ ಹಾವು ಉದ್ಯಾನದಲ್ಲಿ ಸ್ವಯಂಸೇವಕರಾಗಿದ್ದ ಅವರು ಮುಂದೆ ಕ್ಯಾಮೆರಾ ಹಿಡಿದರು. ಅವರ ಚಿತ್ರಗಳು ಅಂತರರಾಷ್ಟ್ರೀಯ ವಾಹಿನಿಗಳಲ್ಲಿ ಪ್ರಸಾರವಾದವು.

ಆದರೆ ಚೆಲುವನ್ನು ಕಂಡು ಮೆಚ್ಚಿದ ಮಾತ್ರಕ್ಕೆ ಕಾಡು ಉಳಿಯದು. ಇದನ್ನು ಮನಗಂಡ ದತ್ತಾತ್ರಿಯವರು ವಾಹಿನಿಗಳ ಕೆಲಸದಿಂದ ದೂರ ಸರಿದು ಸಂರಕ್ಷಣೆಗಾಗಿಯೇ ಚಿತ್ರ ತಯಾರಿಸತೊಡಗಿದರು.

ಕುದುರೆಮುಖದಲ್ಲಿ ಕಬ್ಬಿಣದ ಅದಿರಿಗಾಗಿ ಬೆಟ್ಟ ಬಗೆಯಲಾಗುತ್ತಿತ್ತು. ಮಳೆಗಾಲದಲ್ಲಿ ಸಡಿಲ ಮಣ್ಣು ಕೊಚ್ಚಿಬಂದು ಭದ್ರೆಯಲ್ಲಿ ಹೂಳಾಗುತ್ತಿತ್ತು. ಬೆಟ್ಟದ ಗಾಯ ಕೆಳಗಿನ ರೈತನಿಗೆ ಕಾಣಿಸದು. ಅವನಿಗೆ ಕಾಣುವುದು ಕೆಂಪು ನೀರು ಮಾತ್ರ. ಇವೆರಡರ ನಂಟನ್ನು ದತ್ತಾತ್ರಿಯವರ 2001ರ ಕಿರುಚಿತ್ರ ‘ಮೈಂಡ್‌ಲೆಸ್ ಮೈನಿಂಗ್’ ಕಣ್ಣೆದುರಿಗೆ ತಂದಿತು. ನಾಗರಹೊಳೆಯಲ್ಲಿ ವಲಯ ಅರಣ್ಯಾಧಿಕಾರಿಯಾಗಿದ್ದ ದಿವಂಗತ ಕೆ.ಎಂ. ಚಿಣ್ಣಪ್ಪನವರು ಸುಪ್ರೀಂ ಕೋರ್ಟಿನ ಮೊರೆ ಹೋಗಿದ್ದರು. 2005ರ ಅಂತ್ಯಕ್ಕೆ ಗಣಿಗಾರಿಕೆ ನಿಲ್ಲಬೇಕೆಂದು 2002ರ ಅಕ್ಟೋಬರ್ 30ರಂದು ನ್ಯಾಯಾಲಯ ಆದೇಶಿಸಿತು. ಈ ಗೆಲುವು ಚಿತ್ರವೊಂದರದೇ ಅಲ್ಲ. ವಿಜ್ಞಾನಿಗಳ, ಹೋರಾಟಗಾರರ, ಕಾನೂನಿನ ಕೂಡುಶ್ರಮದ ಫಲ. ಆ ಶ್ರಮಕ್ಕೆ ಚಿತ್ರ ಕಣ್ಣಾಯಿತು.

2004ರಲ್ಲಿ ರೋಲೆಕ್ಸ್ ಪ್ರಶಸ್ತಿಯ ಗೌರವ ಅವರಿಗೆ ಸಂದಿತು. 2010ರಲ್ಲಿ ಹುಲಿಯ ಸಂಕಷ್ಟ ಕುರಿತ ‘ದಿ ಟ್ರೂತ್ ಅಬೌಟ್ ಟೈಗರ್ಸ್’ ಹೊರಬಂದಿತು.

ಇಂದು ಪ್ರತಿ ವಿದ್ಯಾರ್ಥಿಯ ಕೈಯಲ್ಲೂ ಕ್ಯಾಮೆರಾ ಇದೆ. ಸಫಾರಿಯ ಹುಲಿಯನ್ನಷ್ಟೇ ಸೆರೆಹಿಡಿದರೆ ಸಾಲದು. ಬೇಸಿಗೆಯ ಕಾಳ್ಗಿಚ್ಚು, ಒತ್ತುವರಿಯಾದ ಕೆರೆ, ಆನೆ ತುಳಿದ ರಾಗಿಹೊಲ, ಪರಿಹಾರಕ್ಕಾಗಿ ಅಲೆಯುವ ರೈತ, ಇವೆಲ್ಲವೂ ಕಾಡಿನ ಕಥೆಯೇ. ದಿನಾಂಕ, ಸ್ಥಳಗಳೊಡನೆ ದಾಖಲಿಸಿರಿ. ಕಂಡದ್ದಕ್ಕೆ ಒಂದಂಶವನ್ನೂ ಸೇರಿಸದಿರಿ. ನಿಜವಾದ ದಾಖಲೆಯನ್ನು ಅಲ್ಲಗಳೆಯುವುದು ಯಾರಿಗೂ ಸುಲಭವಲ್ಲ.