ಕೂಸಿಗೆ ಅಫೀಮು ಕೊಟ್ಟವರು ಯಾರು?

(ಗಿರಣಿ ಕೆಲಸಗಾರರ ಸಭೆಯೊಂದರಲ್ಲಿ ಮಾಡಿದ ಭಾಷಣ)



ಹಿಂದಿನ ಕಾಲದ ಬಾಣಂತನವೇ ಚೆನ್ನಾಗಿತ್ತೆಂದು ಹಿರಿಯರು ಹೇಳುತ್ತಾರೆ. ಅದರಲ್ಲಿ ನಿಜವಿದೆ. ಅಜ್ಜಿ ಕಾಲು ನೀಡಿ ಕುಳಿತು, ಕೂಸನ್ನು ಕಾಲ ಮೇಲೆ ಮಲಗಿಸಿ, ಎಣ್ಣೆ ತೀಡಿ ಬಿಸಿನೀರು ಹುಯ್ಯುತ್ತಿದ್ದಳು. ಹಳೇ ಸೀರೆ ಹರಿದರೆ ಕೂಸಿನ ಬಟ್ಟೆ, ತೊಲೆಗೆ ಕಟ್ಟಿದರೆ ಜೋಲಿ. ಒಳಲೆಯಲ್ಲಿ ಹಾಲು, ಹಲ್ಲು ಬರುವ ಹೊತ್ತಿಗೆ ರಾಗಿ ಸರಿ. ಇದಕ್ಕೆ ಹೆಚ್ಚು ಹಣ ಬೇಕಿರಲಿಲ್ಲ. ಬೇಕಾದದ್ದು ಹೊತ್ತು, ಮನೆಯಲ್ಲಿ ಇನ್ನೊಂದು ಜೊತೆ ಕೈ.

ಗಿರಣಿ ಕಸಿದುಕೊಂಡದ್ದು ಇವೆರಡನ್ನೇ. ಬೊಂಬಾಯಿಯ ಕಥೆ ಕೇಳಿ. 1922ರ ಕಾರ್ಖಾನೆ ಕಾಯಿದೆಯಾದ ಮೇಲೂ ಹೆಂಗಸರನ್ನು ದಿನಕ್ಕೆ 11 ಗಂಟೆ ದುಡಿಸಬಹುದಿತ್ತು. ಅಜ್ಜಿ ಊರಿನಲ್ಲಿ, ತಾಯಿ ಗಿರಣಿಯಲ್ಲಿ, ಕೂಸು ಚಾಳದ ಒಂದೇ ಖೋಲಿಯಲ್ಲಿ. ಅಳದಿರಲೆಂದು ಅದರ ಬಾಯಿಗೆ 'ಬಾಲಗೋಲಿ' ಎಂಬ ಅಫೀಮಿನ ಗುಳಿಗೆ! ಸರ್ಕಾರ ನೇಮಿಸಿದ್ದ ಡಾಕ್ಟರ್ ಬಾರ್ನ್ಸ್ ಎಂಬಾಕೆ ಆ ವರ್ಷಗಳಲ್ಲಿ ಇದನ್ನು ಕಣ್ಣಾರೆ ಕಂಡು ವರದಿ ಬರೆದರು. 1931ರಲ್ಲಿ ವಿಟ್ಲಿ ಆಯೋಗವೂ ಇದನ್ನೇ ಹೇಳಿತು. ಅಫೀಮು ತಿಂದ ಕೂಸು ಅಳುವುದಿಲ್ಲ. ಹಸಿವೆಂದು ಹಾಲನ್ನೂ ಕೇಳುವುದಿಲ್ಲ. ಸೊರಗುತ್ತದೆ.

"ತಾಯಂದಿರ ಅಜ್ಞಾನ" ಎಂದರು ದೊಡ್ಡವರು. ನಾನು ಕೇಳುತ್ತೇನೆ: 11 ಗಂಟೆ ಯಂತ್ರದ ಮುಂದೆ ನಿಂತವಳು ಕೂಸನ್ನು ಯಾರ ಕೈಗೆ ಕೊಡಬೇಕಿತ್ತು? ಗುಳಿಗೆ ಕೊಟ್ಟದ್ದು ತಾಯಿಯ ಕೈ. ಕೊಡಿಸಿದ್ದು ಗಿರಣಿಯ ಗಡಿಯಾರ.

ಹೋರಾಟದ ಫಲವಾಗಿ ಕಾಯಿದೆಗಳು ಬಂದವು. 50ಕ್ಕಿಂತ ಹೆಚ್ಚು ಹೆಂಗಸರು ದುಡಿಯುವ ಕಾರ್ಖಾನೆಯಲ್ಲಿ 6 ವರ್ಷದೊಳಗಿನ ಮಕ್ಕಳಿಗೆ ಒಂದು ಕೊಠಡಿ, ನೋಡಿಕೊಳ್ಳಲು ತರಬೇತಾದ ಹೆಂಗಸು ಇರಬೇಕೆಂದು 1948ರ ಕಾಯಿದೆ ವಿಧಿಸಿತು. 1976ರಲ್ಲಿ ಆ ಸಂಖ್ಯೆ 30ಕ್ಕೆ ಇಳಿಯಿತು. 1961ರ ಕಾಯಿದೆ ಹೆರಿಗೆಗೆ 12 ವಾರಗಳ ಸಂಬಳದ ರಜೆ ಕೊಟ್ಟಿತು. 2017ರಲ್ಲಿ ಮೊದಲ ಎರಡು ಮಕ್ಕಳಿಗೆ ಅದು 26 ವಾರವಾಯಿತು.

ಆದರೆ ಲೆಕ್ಕಕ್ಕೆ ಒಂದು ತಲೆ ಕಡಿಮೆಯಾದರೆ ಕೊಠಡಿಯೂ ಇಲ್ಲ. ಬೀಡಿ ಕಟ್ಟುವ ಮನೆಗೆ ಇಲ್ಲ. ಅಕ್ಕಿ ಮೂಟೆಯ ಪಕ್ಕದಲ್ಲೇ ಕೂಸನ್ನು ಮಲಗಿಸಿ ತಕ್ಕಡಿ ಹಿಡಿಯುವ ನಮ್ಮ ಅಂಗಡಿಯಾಕೆಗೂ ಇಲ್ಲ. ಕಾಗದದ ಮೇಲಿನ ಕೊಠಡಿಯಲ್ಲಿ ಕೂಸು ಮಲಗಲಾರದು.

ಆದ್ದರಿಂದ ಗೆಳೆಯರೇ, ಬೋನಸ್ಸಿನ ಮಾತಿಗೆ ಕೂತಾಗ ತೊಟ್ಟಿಲಿನ ಮಾತನ್ನೂ ಎತ್ತಿರಿ. ಅದು ಹೆಂಗಸರ ವಿಷಯವೆಂದು ಬದಿಗಿಡಬೇಡಿ. ಕೇರಿಗೊಂದು ಶಿಶುವಿಹಾರ ಬೇಕೆಂದು ಪುರಸಭೆಯ ಬಾಗಿಲು ತಟ್ಟಿರಿ. ಅಲ್ಲಿ ಗಿರಣಿಯವರ ಕೂಸೂ ಅಂಗಡಿಯವರ ಕೂಸೂ ಜೊತೆಯಲ್ಲಿ ಮಲಗಲಿ. ಅಜ್ಜಿಯ ಎರಡು ಕೈಗಳ ಕೆಲಸವನ್ನು ಇನ್ನು ಊರೇ ಮಾಡಬೇಕು.