ಕ್ಯಾಮೆರಾಕ್ಕೆ ಎದುರಾದ ಪ್ರಶ್ನೆ



ಬೆಳಿಗ್ಗೆ ನೆರೂಳದಲ್ಲಿ ಸ್ಟೇಷನ್ ಕಡೆಗೆ ಹೊರಟರೆ ನಾಕಾದಲ್ಲಿ ಕೂಲಿಗಾಗಿ ಕಾದು ನಿಂತವರು ಕಾಣುತ್ತಾರೆ. ಸ್ವಲ್ಪ ಹತ್ತಿರ ಹೋದರೆ ಕಲಬುರ್ಗಿ, ವಿಜಾಪುರದ ಕನ್ನಡ ಕಿವಿಗೆ ಬೀಳುತ್ತದೆ. ಅವರನ್ನು ಕಂಡಾಗಲೆಲ್ಲ ನನಗೆ ಮುಂಬಯಿಯ ಸ್ವತಂತ್ರ ಸಾಕ್ಷ್ಯಚಿತ್ರ ನಿರ್ದೇಶಕ ಆನಂದ ಪಟವರ್ಧನ್ ನೆನಪಾಗುತ್ತಾರೆ.

ಕೆನಡಾಕ್ಕೆ ವಲಸೆ ಹೋದ ಭಾರತೀಯ ಹೊಲಗೆಲಸಗಾರರು ಸಂಘ ಕಟ್ಟಿದ ಕತೆಯನ್ನು ಅವರು 1981ರಲ್ಲೇ 'ಎ ಟೈಮ್ ಟು ರೈಸ್' ಚಿತ್ರದಲ್ಲಿ ಹೇಳಿದ್ದರು. ಅದೇ ವರ್ಷ ಮಳೆಗಾಲದಲ್ಲಿ ಮಹಾರಾಷ್ಟ್ರ ಸರಕಾರ ಮುಂಬಯಿಯ ಫುಟ್‌ಪಾತ್ ನಿವಾಸಿಗಳನ್ನು ಅವರವರ ಊರಿಗೆ ಸಾಗಹಾಕಲು ಹೊರಟಿತು. ಮೊಕದ್ದಮೆ ಸುಪ್ರೀಂ ಕೋರ್ಟಿಗೆ ಹೋಯಿತು. ಜೀವನೋಪಾಯದ ಹಕ್ಕು ಬದುಕುವ ಹಕ್ಕಿನ ಭಾಗವೇ ಎಂದು 1985ರಲ್ಲಿ ತೀರ್ಪು ಬಂತು. ಆದರೆ ಮಳೆಗಾಲ ಕಳೆದ ಮೇಲೆ ತೆರವು ಮಾಡಬಹುದು ಎಂಬ ಅನುಮತಿಯೂ ಅದರಲ್ಲೇ ಇತ್ತು. ಗುಡಿಸಲು ಕಳೆದುಕೊಂಡವರನ್ನು ಕುರಿತ ಪಟವರ್ಧನರ 'ಬಾಂಬೆ ಅವರ್ ಸಿಟಿ' ಬಂದದ್ದೂ ಅದೇ 1985ರಲ್ಲಿ.

ಆ ಚಿತ್ರದಲ್ಲಿ ಹೆಂಗಸೊಬ್ಬಳು ನಿರ್ದೇಶಕರನ್ನೇ ತರಾಟೆಗೆ ತೆಗೆದುಕೊಳ್ಳುತ್ತಾಳೆ. ಬಡವರ ಚಿತ್ರ ತೆಗೆದು ಹೆಸರು ಮಾಡುವುದು ನಿಮಗೆ, ನಮಗೇನು ಬಂತು ಎಂಬುದು ಅವಳ ಸಿಟ್ಟು. ಪಟವರ್ಧನ್ ಅದನ್ನು ಕತ್ತರಿಸಿ ಹಾಕಲಿಲ್ಲ. ತನ್ನ ಮೇಲಿನ ದೂರನ್ನೂ ಸಾಕ್ಷ್ಯವೆಂದೇ ಉಳಿಸಿಕೊಂಡರು. ಅವರ ಪ್ರಾಮಾಣಿಕತೆಗೆ ಇದಕ್ಕಿಂತ ಬೇರೆ ಪುರಾವೆ ಬೇಡ.

1995ರಲ್ಲಿ ಸಿಮಂತಿನಿ ಧುರು ಅವರೊಡನೆ ಮಾಡಿದ 'ಎ ನರ್ಮದಾ ಡೈರಿ'ಯಲ್ಲಿ ಸರದಾರ್ ಸರೋವರ ಅಣೆಕಟ್ಟಿನಿಂದ ನೆಲೆ ಕಳೆದುಕೊಳ್ಳುವ ಆದಿವಾಸಿಗಳಿದ್ದಾರೆ. ಒಂದು ಕಡೆ ಊರು ಮುಳುಗಿದರೆ ಇನ್ನೊಂದು ಕಡೆ ಗುಡಿಸಲು ಏಳುತ್ತದೆ. ಎರಡೂ ಒಂದೇ ಕತೆ.

ಆ ಕತೆ ನಮ್ಮ ಕಾಲಬುಡದಲ್ಲೂ ಇದೆ. 1970ರಲ್ಲಿ ಸಿಡ್ಕೊ ಹುಟ್ಟಿ, ನವಿ ಮುಂಬಯಿಗಾಗಿ ಇಲ್ಲಿಯ 95 ಹಳ್ಳಿಗಳ ಭೂಮಿ ಗುರುತಾಯಿತು. ಗದ್ದೆ, ಉಪ್ಪಿನ ಆಗರ ಆಗರಿಗಳ ಬದುಕು. ಖಾಡಿಯ ಮೀನು ಕೋಳಿಗಳ ಬದುಕು. ದಿ. ಬಾ. ಪಾಟೀಲರ ಮುಂದಾಳತನದಲ್ಲಿ ಅವರು ಹೋರಾಡಿದರು. 1984ರ ಜನವರಿಯಲ್ಲಿ ಉರಣ ಭಾಗದಲ್ಲಿ ಗೋಲಿಬಾರಿಗೆ ಐವರು ರೈತರು ಬಲಿಯಾದರು. ಆ ಬಳಿಕವೇ ವಶಪಡಿಸಿಕೊಂಡ ಜಮೀನಿನ ಶೇಕಡ 12.5ರಷ್ಟನ್ನು ಅಭಿವೃದ್ಧಿಪಡಿಸಿ ಹಿಂದಿರುಗಿಸುವ ಯೋಜನೆ ಬಂತು.

ನಾವು ಕನ್ನಡಿಗರೂ ಹೊಟ್ಟೆಪಾಡಿಗೆ ಬಂದವರೇ. ನಮ್ಮ ಫ್ಲಾಟು ಯಾರದೋ ಗದ್ದೆಯ ಮೇಲಿದೆ. ಅದನ್ನು ಕಟ್ಟಿದ ಕೈ ನಮ್ಮೂರಿನ ಕೂಲಿಯದೇ ಇರಬಹುದು. ಶಿರವಣೆ, ಸಾರಸೋಳೆಯ ಹಳೆಯ ಗಾಂವಠಾಣದಲ್ಲಿ ಒಂದು ಸಂಜೆ ನಿಧಾನವಾಗಿ ನಡೆದು ಬನ್ನಿ. ನಾಕಾದಲ್ಲಿ ನಿಂತವರನ್ನು ಕನ್ನಡದಲ್ಲಿ ಮಾತಾಡಿಸಿ, ಊರು ಯಾವುದೆಂದು ಕೇಳಿ. ಅವರೂ ಒಂದು ಪ್ರಶ್ನೆ ಕೇಳಿದರೆ ಮುಖ ತಿರುಗಿಸಬೇಡಿ.