ರೆಕಾರ್ಡಿನ ಮೇಲಿಲ್ಲದ ಹೆಸರು



ಕೆಲವು ವಾರಗಳ ಹಿಂದೆ ನಮ್ಮ ಕನ್ನಡ ಸಮಯದಲ್ಲಿ ಐಕ್ ಮತ್ತು ಟೀನಾ ಟರ್ನರ್ ಅವರ 'ಪ್ರೌಡ್ ಮೇರಿ' ಹಾಡನ್ನು ಹಾಕಿದ್ದೆವು. ಮರುದಿನವೇ ಒಬ್ಬ ಕೇಳುಗರ ಪತ್ರ ಬಂತು. ಹಾಡು ಚೆನ್ನಾಗಿತ್ತು, ಆದರೆ ಐಕ್ ಟರ್ನರ್ ಹೆಸರನ್ನು ಅಷ್ಟೊಂದು ಗೌರವದಿಂದ ಹೇಳಿದಿರಲ್ಲ, ಆ ಮನುಷ್ಯ ಹೆಂಡತಿಗೆ ಏನು ಮಾಡಿದ ಅಂತ ನಿಮಗೆ ಗೊತ್ತಿಲ್ಲವೇ ಎಂದು ಆ ತಾಯಿ ಕೇಳಿದ್ದರು. ಗೊತ್ತಿತ್ತು. ಮೂರು ನಿಮಿಷದ ಹಾಡಿಗೆ ಅರ್ಧ ನಿಮಿಷದ ಪರಿಚಯ, ಅದರಲ್ಲಿ ಇದೆಲ್ಲ ಎಲ್ಲಿ ಹೇಳುವುದು ಅಂತ ಬಿಟ್ಟೆ. ಬಿಟ್ಟದ್ದು ತಪ್ಪು. ಇವತ್ತಿನ ಹದಿನೈದು ನಿಮಿಷ ಪೂರ್ತಿ ಅವನದೇ ಕಥೆ.

ಐಕ್ ಟರ್ನರ್ ಹುಟ್ಟಿದ್ದು 1931ರ ನವೆಂಬರ್ 5ರಂದು, ಅಮೆರಿಕದ ಮಿಸಿಸಿಪಿ ರಾಜ್ಯದ ಕ್ಲಾರ್ಕ್ಸ್‌ಡೇಲ್ ಎಂಬ ಊರಿನಲ್ಲಿ. ಹತ್ತಿ ಬೆಳೆಯುವ ಸೀಮೆ. ಕಪ್ಪು ಜನರಿಗೆ ಬೇರೆ ಬಾಗಿಲು, ಬೇರೆ ಆಸ್ಪತ್ರೆ, ಬೇರೆ ಬೆಂಚು ಇದ್ದ ಕಾಲ. ತಂದೆ ಚರ್ಚಿನ ಬೋಧಕ, ತಾಯಿ ಬಟ್ಟೆ ಹೊಲಿಯುವವಳು. ತಂದೆಯನ್ನು ಬಿಳಿಯರ ಗುಂಪೊಂದು ಹೊಡೆದು ಹಾಕಿತೆಂದೂ, ಅದೇ ಗಾಯದಿಂದ ನರಳಿ ಅವರು ಸತ್ತರೆಂದೂ ಐಕ್ ಕೊನೆಯವರೆಗೂ ಹೇಳುತ್ತಿದ್ದ.

ನಮ್ಮಂಥ ರೇಡಿಯೋದವರಿಗೆ ಇಷ್ಟವಾಗುವ ಸಂಗತಿ ಒಂದಿದೆ. ಅವನ ಸಂಗೀತದ ಶಾಲೆಗಳಲ್ಲಿ ಒಂದು ರೇಡಿಯೋ ಕೇಂದ್ರ. ಊರಿನ ಅಲ್ಕಜಾರ್ ಹೋಟೆಲಿನಲ್ಲಿ ಲಿಫ್ಟ್ ನಡೆಸುತ್ತಿದ್ದ ಹುಡುಗ, ಅದೇ ಕಟ್ಟಡದಲ್ಲಿದ್ದ ಕೇಂದ್ರದ ಕಿಟಕಿಯಲ್ಲಿ ಇಣುಕುತ್ತ ಇಣುಕುತ್ತ ಒಳಗೆ ಸೇರಿಕೊಂಡ. ಮೊದಲು ತಟ್ಟೆ ಬದಲಿಸುವ ಕೆಲಸ, ಆಮೇಲೆ ತಾನೇ ಹಾಡು ಆರಿಸಿ ಹಾಕುವ ಕೆಲಸ. ಪಿಯಾನೋ ಕಲಿಸಿದ್ದು ಪೈನ್‌ಟಾಪ್ ಪರ್ಕಿನ್ಸ್. ಬ್ಲೂಸ್ ಕೇಳುವವರು ಈ ಹೆಸರು ಬಂದರೆ ಕಿವಿ ಮುಟ್ಟಿಕೊಳ್ಳುತ್ತಾರೆ!

ಹತ್ತೊಂಬತ್ತು ತುಂಬುವ ಮೊದಲೇ ಅವನಿಗೆ 'ಕಿಂಗ್ಸ್ ಆಫ್ ರಿದಮ್' ಎಂಬ ಸ್ವಂತ ತಂಡ ಇತ್ತು. ಬ್ಯಾಂಡ್‌ಲೀಡರ್ ಅಂದರೆ ನಮ್ಮ ಹಳೆಯ ನಾಟಕ ಕಂಪನಿಯ ಮಾಲೀಕನನ್ನು ನೆನಪಿಸಿಕೊಳ್ಳಿ. ಪೇಟಿಯ ಮುಂದೆ ಕೂರುವವನೂ ಅವನೇ, ಯಾರು ಹಾಡಬೇಕು, ಯಾರಿಗೆ ಎಷ್ಟು ಸಂಬಳ ಎಂದು ಹೇಳುವವನೂ ಅವನೇ.

1951ರ ಮಾರ್ಚ್ ತಿಂಗಳು. ಈ ಹುಡುಗರು ಕಾರಿನಲ್ಲಿ ಒತ್ತೊತ್ತಾಗಿ ಕೂತು ಮೆಂಫಿಸ್ ನಗರಕ್ಕೆ ಹೊರಟರು. ಅಲ್ಲಿ ಸ್ಯಾಮ್ ಫಿಲಿಪ್ಸ್ ಎಂಬಾತನ ಪುಟ್ಟ ಧ್ವನಿಮುದ್ರಣ ಕೇಂದ್ರ. ದಾರಿಯಲ್ಲಿ ಗಿಟಾರಿನ ಆಂಪ್ಲಿಫೈಯರ್ ಕೆಟ್ಟುಹೋಯಿತು. ಕಾರಿನ ಮೇಲಿಂದ ಬಿತ್ತು ಎನ್ನುವವರಿದ್ದಾರೆ, ಮಳೆಯಲ್ಲಿ ನೆನೆಯಿತು ಎನ್ನುವವರೂ ಇದ್ದಾರೆ. ಸ್ಪೀಕರಿನ ಕಾಗದ ಹರಿದಿತ್ತು. ಫಿಲಿಪ್ಸ್ ಅದರೊಳಗೆ ಒಂದಿಷ್ಟು ಕಾಗದ ತುರುಕಿ, ನುಡಿಸಿ ಅಂದ. ವಿಲಿ ಕಿಜಾರ್ಟ್‌ನ ಗಿಟಾರಿನಿಂದ ಒಡಕು ಧ್ವನಿ ಬಂತು, ಗೊರಗೊರ ಅಂತ. ಫಿಲಿಪ್ಸ್‌ಗೆ ಅದೇ ಹಿಡಿಸಿತು. ಮುಂದೆ ಸಾವಿರಾರು ಗಿಟಾರಿಗರು ದುಡ್ಡು ಕೊಟ್ಟು ಯಂತ್ರ ಕೊಂಡು ತರಿಸಿಕೊಂಡ ಒಡಕು ಧ್ವನಿ, ಅವತ್ತು ಕಾಗದದ ಉಂಡೆಯಿಂದ ಪುಕ್ಕಟೆ ಬಂದಿತ್ತು.

ಹಾಡಿನ ಹೆಸರು 'ರಾಕೆಟ್ 88'. ಒಂದು ಕಾರಿನ ಹೊಗಳಿಕೆ, ಅಷ್ಟೇ. ಶಿಕಾಗೋದ ಚೆಸ್ ಕಂಪನಿ ಅದನ್ನು ಹೊರತಂದಿತು. ರಿದಮ್ ಅಂಡ್ ಬ್ಲೂಸ್ ಪಟ್ಟಿಯಲ್ಲಿ ಮೊದಲ ಸ್ಥಾನ. ಈ 'ರಿದಮ್ ಅಂಡ್ ಬ್ಲೂಸ್' ಎಂಬ ಮಾತಿಗೂ ಆಗ ಎರಡೇ ವರ್ಷ ವಯಸ್ಸು. 1949ರವರೆಗೆ ಬಿಲ್‌ಬೋರ್ಡ್ ಪತ್ರಿಕೆ ಕಪ್ಪು ಜನರ ರೆಕಾರ್ಡುಗಳನ್ನು 'ರೇಸ್ ರೆಕಾರ್ಡ್ಸ್', ಅಂದರೆ ಜನಾಂಗದ ರೆಕಾರ್ಡು ಅಂತ ಕರೆಯುತ್ತಿತ್ತು. ರಾಕ್ ಅಂಡ್ ರೋಲ್‌ನ ಮೊದಲ ಹಾಡು 'ರಾಕೆಟ್ 88' ಎಂದು ಹೇಳುವ ಸಂಗೀತ ಚರಿತ್ರೆಕಾರರು ಬಹಳ ಮಂದಿ ಇದ್ದಾರೆ.

ಆದರೆ ರೆಕಾರ್ಡಿನ ಲೇಬಲ್ ಮೇಲೆ ಅಚ್ಚಾದ ಹೆಸರು ಯಾವುದು? 'ಜಾಕಿ ಬ್ರೆನ್‌ಸ್ಟನ್ ಅಂಡ್ ಹಿಸ್ ಡೆಲ್ಟಾ ಕ್ಯಾಟ್ಸ್'. ಬ್ರೆನ್‌ಸ್ಟನ್ ಅಂದರೆ ಆ ಹಾಡು ಹಾಡಿದ ಸ್ಯಾಕ್ಸೊಫೋನ್ ವಾದಕ, ಐಕ್‌ನ ಕೈಕೆಳಗಿನವ. ಡೆಲ್ಟಾ ಕ್ಯಾಟ್ಸ್ ಎಂಬ ತಂಡವೇ ಇರಲಿಲ್ಲ. ತಂಡ ಕಟ್ಟಿದವನ, ಪಿಯಾನೋ ನುಡಿಸಿದವನ ಹೆಸರು ಅದರಲ್ಲಿಲ್ಲ. ತನಗೆ ಸಿಕ್ಕಿದ್ದು 20 ಡಾಲರ್ ಅಂತ ಐಕ್ ಹೇಳುತ್ತಿದ್ದ. ಹಾಡು ಗೆದ್ದದ್ದೇ ತಡ, ಬ್ರೆನ್‌ಸ್ಟನ್ ತಂಡ ಬಿಟ್ಟು ಹೋದ. ಕೆಲವು ವರ್ಷಗಳ ಮೇಲೆ ಕೈ ಖಾಲಿಯಾಗಿ ಮರಳಿ ಐಕ್‌ನ ಬಳಿಗೇ ಬಂದು ಸ್ಯಾಕ್ಸೊಫೋನ್ ನುಡಿಸಿದ. ತಂಡಕ್ಕೆ ಸೇರಿಸಿಕೊಂಡರೂ ಅವನಿಗೆ ವೇದಿಕೆ ಮೇಲೆ 'ರಾಕೆಟ್ 88' ಹಾಡಲು ಐಕ್ ಬಿಡುತ್ತಿರಲಿಲ್ಲ ಎನ್ನುತ್ತಾರೆ.

ಆ ಗಾಯ ಮಾಯಲಿಲ್ಲ ಅಂತ ನನ್ನ ಊಹೆ. ಮುಂದೆ ಆತ ಕೆಲಸವೇನೋ ಬೇಕಾದಷ್ಟು ಮಾಡಿದ. ಕ್ಯಾಲಿಫೋರ್ನಿಯಾದ ಒಂದು ರೆಕಾರ್ಡ್ ಕಂಪನಿಗಾಗಿ ದಕ್ಷಿಣದ ಊರೂರು ಸುತ್ತಿ ಹಾಡುಗಾರರನ್ನು ಹುಡುಕಿಕೊಟ್ಟ. ಹೌಲಿನ್ ವುಲ್ಫ್, ಬಿ.ಬಿ. ಕಿಂಗ್ ಅವರ ಆರಂಭದ ಧ್ವನಿಮುದ್ರಣಗಳಲ್ಲಿ ಪಿಯಾನೋ ನುಡಿಸಿದ. 1954ರ ಸುಮಾರಿಗೆ ಈಸ್ಟ್ ಸೇಂಟ್ ಲೂಯಿಸ್‌ಗೆ ಬಂದು ನೆಲೆಸಿದ. ಅಲ್ಲಿನ ಕ್ಲಬ್ಬಿನಲ್ಲಿ ಒಂದು ರಾತ್ರಿ ಹದಿಹರೆಯದ ಹುಡುಗಿಯೊಬ್ಬಳು ಮೈಕ್ ಹಿಡಿದು ಹಾಡಿದಳು. ಹೆಸರು ಆನ್ನಾ ಮೇ ಬುಲಕ್. ಐಕ್ ಬೆರಗಾದ.

1960ರಲ್ಲಿ 'ಎ ಫೂಲ್ ಇನ್ ಲವ್' ಹಾಡಿನ ಮುದ್ರಣಕ್ಕೆ ಬರಬೇಕಿದ್ದ ಗಾಯಕ ಬರಲಿಲ್ಲ, ಈ ಹುಡುಗಿ ಹಾಡಿದಳು. ರೆಕಾರ್ಡು ಹೊರಬರುವಾಗ ಅದರ ಮೇಲಿದ್ದ ಹೆಸರು 'ಐಕ್ ಅಂಡ್ ಟೀನಾ ಟರ್ನರ್'. ಆಗಿನ್ನೂ ಇಬ್ಬರಿಗೂ ಮದುವೆಯಾಗಿರಲಿಲ್ಲ. ಟೀನಾ ಎಂಬುದು ಐಕ್ ಇಟ್ಟ ಹೆಸರು. ಇಟ್ಟದ್ದಷ್ಟೇ ಅಲ್ಲ, ಅದನ್ನು ತನ್ನ ಸ್ವತ್ತಾಗಿ ನೋಂದಾಯಿಸಿಕೊಂಡ. ಈಕೆ ಬಿಟ್ಟುಹೋದರೆ ಇನ್ನೊಬ್ಬಳನ್ನು ತಂದು ಅದೇ ಹೆಸರಿನಲ್ಲಿ ನಿಲ್ಲಿಸಬಹುದಲ್ಲ! ತನ್ನ ಹೆಸರು ಕಳೆದುಕೊಂಡವನು ಮತ್ತೊಬ್ಬಳ ಹೆಸರಿಗೆ ಬೀಗ ಹಾಕಿದ.

ಹೊಡೆತವೂ ಆಗಲೇ ಶುರುವಾಯಿತು. ಈ ಸಹವಾಸ ಬೇಡ ಎಂದು ಹೇಳಹೋದಾಗ, ತಾನು ಗರ್ಭಿಣಿಯಾಗಿದ್ದಾಗ, ಬೂಟಿನೊಳಗೆ ಇಡುವ ಮರದ ಅಚ್ಚಿನಿಂದ ಆತ ತನ್ನನ್ನು ಬಡಿದನೆಂದು ಟೀನಾ 1986ರ ತಮ್ಮ ಆತ್ಮಕಥೆಯಲ್ಲಿ ಬರೆದರು. ಇದು ಒಂದು ದಿನದ ಮಾತಲ್ಲ, ಹದಿನಾರು ವರ್ಷದ್ದು. ಐಕ್ ತನ್ನ 1999ರ ಆತ್ಮಕಥೆಯಲ್ಲಿ ಕೆನ್ನೆಗೆ ಹೊಡೆದದ್ದನ್ನೂ ಗುದ್ದಿ ಕೆಡವಿದ್ದನ್ನೂ ಒಪ್ಪಿಕೊಂಡು, ಅದು ಬಡಿಯುವುದಲ್ಲ ಅಂತ ವಾದ ಮಾಡಿದ. ಈ ವಾದವನ್ನು ನಮ್ಮ ಓಣಿಗಳಲ್ಲೂ ಕೇಳಿದ್ದೇವೆ.

ಹೊರಗೆ ಮಾತ್ರ ಜಯಭೇರಿ. 1969ರಲ್ಲಿ ರೋಲಿಂಗ್ ಸ್ಟೋನ್ಸ್ ಜೊತೆ ಅಮೆರಿಕ ಪ್ರವಾಸ, 1971ರಲ್ಲಿ 'ಪ್ರೌಡ್ ಮೇರಿ' ಬಿಲ್‌ಬೋರ್ಡ್ ಪಟ್ಟಿಯಲ್ಲಿ ನಾಲ್ಕನೇ ಸ್ಥಾನ, ಅದಕ್ಕೆ ಗ್ರಾಮಿ ಪ್ರಶಸ್ತಿ. ಒಂದು ತಮಾಷೆ ಹೇಳಬೇಕು. 1966ರಲ್ಲಿ ಫಿಲ್ ಸ್ಪೆಕ್ಟರ್ ಎಂಬ ನಿರ್ಮಾಪಕ 'ರಿವರ್ ಡೀಪ್, ಮೌಂಟನ್ ಹೈ' ಹಾಡು ಮಾಡಿದಾಗ, ಐಕ್ ದೂರ ಇರಲಿ ಎಂದೇ ಅವನಿಗೆ ಹಣ ಕೊಟ್ಟ. ಐಕ್ ಅದರಲ್ಲಿ ಒಂದು ಸ್ವರವನ್ನೂ ನುಡಿಸಿಲ್ಲ. ರೆಕಾರ್ಡಿನ ಮೇಲೆ ಮಾತ್ರ ಅವನ ಹೆಸರೇ ಮೊದಲು.

ಎಪ್ಪತ್ತರ ದಶಕದಲ್ಲಿ ಕೊಕೇನ್ ಚಟ ಹತ್ತಿತು. ಸ್ವಂತ ಸ್ಟುಡಿಯೋದಲ್ಲಿ ದಿನಗಟ್ಟಲೆ ನಿದ್ದೆಯಿಲ್ಲದೆ ಕೂರುವುದು, ಸಿಡಿಯುವುದು. 1976ರ ಜುಲೈ ಮೊದಲ ವಾರ ಡಲ್ಲಾಸ್‌ನಲ್ಲಿ ಕಾರ್ಯಕ್ರಮ. ವಿಮಾನ ನಿಲ್ದಾಣದಿಂದ ಬರುವ ಕಾರಿನಲ್ಲೇ ಹೊಡೆದಾಟ. ಹೋಟೆಲಿನಲ್ಲಿ ಐಕ್ ನಿದ್ದೆ ಹೋದ ಮೇಲೆ ಟೀನಾ ರಕ್ತದ ಕಲೆಯ ಬಟ್ಟೆಯಲ್ಲೇ ಹೊರಟು, ವಾಹನಗಳು ನುಗ್ಗುವ ಹೆದ್ದಾರಿ ದಾಟಿ ಇನ್ನೊಂದು ಹೋಟೆಲಿಗೆ ಓಡಿದರು. ಬಳಿಯಲ್ಲಿ ಇದ್ದದ್ದು 36 ಸೆಂಟ್ ಮತ್ತು ಪೆಟ್ರೋಲ್ ಕಂಪನಿಯ ಒಂದು ಕಾರ್ಡು.

1978ರಲ್ಲಿ ವಿಚ್ಛೇದನ ಮುಗಿಯಿತು. ಹಣ, ಆಸ್ತಿ, ಹಾಡಿನ ಹಕ್ಕು ಯಾವುದಕ್ಕೂ ಆಕೆ ಪಟ್ಟು ಹಿಡಿಯಲಿಲ್ಲ. ಪಟ್ಟು ಹಿಡಿದದ್ದು ಒಂದಕ್ಕೇ: ಟೀನಾ ಟರ್ನರ್ ಎಂಬ ಹೆಸರು ನನ್ನದಾಗಬೇಕು. ಅದೇ ಹೆಸರಿನಲ್ಲಿ 1984ರಲ್ಲಿ, ನಲವತ್ತನಾಲ್ಕನೆಯ ವಯಸ್ಸಿನಲ್ಲಿ, ಆಕೆ ಜಗತ್ತನ್ನೇ ಗೆದ್ದರು. 2023ರಲ್ಲಿ ಸ್ವಿಟ್ಜರ್ಲೆಂಡಿನಲ್ಲಿ ತೀರಿಕೊಳ್ಳುವಾಗಲೂ ಆ ಹೆಸರು ಆಕೆಯದೇ.

ಐಕ್‌ನ ಸ್ಟುಡಿಯೋ ಬೆಂಕಿಗೆ ಆಹುತಿಯಾಯಿತು. 1991ರಲ್ಲಿ ರಾಕ್ ಅಂಡ್ ರೋಲ್ ಹಾಲ್ ಆಫ್ ಫೇಮ್ ಇಬ್ಬರನ್ನೂ ಗೌರವಿಸಿದಾಗ ಆತ ಕೊಕೇನ್ ಪ್ರಕರಣದಲ್ಲಿ ಜೈಲಿನಲ್ಲಿದ್ದ. 1993ರಲ್ಲಿ ಟೀನಾರ ಬದುಕಿನ ಮೇಲೆ ಸಿನಿಮಾ ಬಂದ ಮೇಲಂತೂ ಅವನ ಹೆಸರು ಬೈಗುಳವೇ ಆಯಿತು. ಆದರೂ ಮರಳಿ ಪಿಯಾನೋ ಮುಂದೆ ಕೂತ. 2007ರ ಫೆಬ್ರುವರಿಯಲ್ಲಿ 'ರೈಸಿನ್ ವಿತ್ ದ ಬ್ಲೂಸ್' ಆಲ್ಬಮಿಗೆ ಅವನೊಬ್ಬನ ಹೆಸರಿನಲ್ಲೇ ಗ್ರಾಮಿ ಬಂತು. ಅದೇ ಡಿಸೆಂಬರ್ 12ರಂದು, 76ನೆಯ ವಯಸ್ಸಿನಲ್ಲಿ ಸತ್ತ. ಕಾರಣ ಮತ್ತೆ ಕೊಕೇನ್.

ಪತ್ರ ಬರೆದ ತಾಯಿಗೆ ನನ್ನ ಉತ್ತರ ಇಷ್ಟು. ನಾನು ಅವನ ಪಿಯಾನೋ ಕೇಳುವುದನ್ನು ಬಿಟ್ಟಿಲ್ಲ, ಬಿಡುವುದೂ ಇಲ್ಲ. ಆದರೆ 'ಪ್ರೌಡ್ ಮೇರಿ' ಮತ್ತೆ ಹಾಕಿದರೆ ಆಕೆಯ ಹೆಸರು ಮೊದಲು ಹೇಳುತ್ತೇನೆ, ಡಲ್ಲಾಸ್‌ನ ಆ ರಾತ್ರಿಯನ್ನೂ ಹೇಳುತ್ತೇನೆ. ಅದಕ್ಕೆ ಅರ್ಧ ನಿಮಿಷ ಸಾಲದಿದ್ದರೆ ಒಂದು ಹಾಡು ಕಡಿಮೆಯಾಗಲಿ.

ಈಗ 'ರಾಕೆಟ್ 88' ಕೇಳಿ. ಶುರುವಿನ ಪಿಯಾನೋ ಐಕ್‌ನದು. ಲಿಟಲ್ ರಿಚರ್ಡ್ ಅದನ್ನೇ ಎತ್ತಿ 'ಗುಡ್ ಗಾಲಿ, ಮಿಸ್ ಮಾಲಿ'ಗೆ ಇಟ್ಟುಕೊಂಡದ್ದನ್ನು ತಾನೇ ಒಪ್ಪಿಕೊಂಡಿದ್ದ. ಹಿಂದೆ ಗೊರಗುಡುವುದು ಕಾಗದ ತುರುಕಿದ ಆ ಸ್ಪೀಕರು. ನಿಮ್ಮ ರೇಡಿಯೋ ಕೆಟ್ಟಿಲ್ಲ, ಗಾಬರಿಯಾಗಬೇಡಿ.